ನೀರಿನ್ನೂ ಹದವಾಗಿಲ್ಲ

ಇಲ್ಲದ ಮೀನಿಗೆ ದಿನಾ ಊಟ ಹಾಕುವ ಹೆಂಗಸನ್ನು ನೀವು ನೋಡಿದ್ದೀರೋ ಇಲ್ಲವೋ, ನಾನು ನೋಡಿದ್ದೇನೆ. ಅವಳು ನನ್ನ ಹೆಂಡತಿ. ಬೆಳಿಗ್ಗೆ ಎದ್ದು ಮುಖ ತೊಳೆದು, ನನಗೆ ಚಹಾ ಕೊಡುವುದಕ್ಕೂ ಮೊದಲು, ನಡುಮನೆಯ ಗಾಜಿನ ತೊಟ್ಟಿಯ ಮುಚ್ಚಳ ಎತ್ತಿ ಎರಡು ಬೆರಳಲ್ಲಿ ಚಿಟಿಕೆ ಮೀನಿನ ಆಹಾರ ಉದುರಿಸುತ್ತಾಳೆ. ಒಳಗೆ ನೀರಿದೆ, ಬಿಳಿ ಮರಳಿದೆ, ಕಲ್ಲುಗಳಿವೆ, ಗಿಡಗಳಿವೆ, ಮೂಲೆಯಲ್ಲಿ ಗುಳುಗುಳು ಎನ್ನುತ್ತ ಒಂದು ಫಿಲ್ಟರ್ ಓಡುತ್ತಿದೆ. ಮೀನು ಮಾತ್ರ ಒಂದೂ ಇಲ್ಲ.

"ಯಾರಿಗೆ ಬಡಿಸ್ತಿದೀಯ?" ಎಂದು ಮೊದಲ ದಿನ ನಕ್ಕಿದ್ದೆ.

"ನೀರಿಗೆ," ಎಂದಳು ಅವಳು, ನಗದೆ. "ಈ ಆಹಾರ ಕೊಳೆತು ವಿಷ ಆಗತ್ತಂತೆ. ಆ ವಿಷಾನ ತಿನ್ನೋ ಕಣ್ಣಿಗೆ ಕಾಣದ ಜೀವಿಗಳು ಆಮೇಲೆ ತಾವಾಗೇ ಹುಟ್ಕೋತವಂತೆ. ಅವು ಸಾಕಷ್ಟು ಬೆಳೆದ್ಮೇಲೆ ನೀರು ಹದವಾಗತ್ತಂತೆ. ಅಲ್ಲೀವರೆಗೂ ಮೀನು ತರಬಾರದಂತೆ."

ಒಂದೇ ಉಸಿರಿನಲ್ಲಿ ಅಷ್ಟೊಂದು 'ಅಂತೆ'. ಹಾಗಾದರೆ ಇದನ್ನೆಲ್ಲ ಯಾರೋ ಹೇಳಿದ್ದಾರೆ. ಯಾರು? ನನ್ನ ಹೊಟ್ಟೆಯುರಿ ಶುರುವಾದದ್ದು ಅಲ್ಲಿಂದ.

ನಮ್ಮದೊಂದು ಲಾಂಡ್ರಿ. ಮುಂದೆ ಕೌಂಟರು, ಅಲ್ಲಿ ನಾನು. ಹಿಂದಿನ ಕೋಣೆಯಲ್ಲಿ ಒಗೆಯುವ ಯಂತ್ರಗಳು, ಇಸ್ತ್ರಿ ಮೇಜು, ಕಿಟಕಿಯ ಪಕ್ಕ ಗುಂಡಿಗಳ ಡಬ್ಬಿ ಇಟ್ಟುಕೊಂಡು ಅವಳು. ಕಿತ್ತುಹೋದ ಗುಂಡಿ, ಬಿಚ್ಚಿಕೊಂಡ ಅಂಚು, ತೂತುಬಿದ್ದ ಜೇಬು ಎಲ್ಲ ಅವಳ ಕೈಯಲ್ಲಿ ಸರಿಯಾಗುತ್ತವೆ. ಮನೆ ಮಹಡಿಯ ಮೇಲೆ. ಹಗಲೂ ಜೊತೆಗೆ, ಇರುಳೂ ಜೊತೆಗೆ. ಮಗಳು ಹಾಸ್ಟೆಲ್ ಸೇರಿದ ಮೇಲಂತೂ ನಾವಿಬ್ಬರೇ. ಅವಳು ನನ್ನೊಂದಿಗೆ ಆಡುವ ಮಾತು ಎಂದರೆ 'ನೀಲಿ ದಾರ ಮುಗೀತು', 'ಡಾಕ್ಟರ ಕೋಟು ಆಯ್ತು', 'ಊಟಕ್ಕೆ ಬನ್ನಿ'. ಇದನ್ನು ನಾನು ನೆಮ್ಮದಿ ಎಂದುಕೊಂಡಿದ್ದೆ. ನನ್ನ ಹೆಂಡತಿ ಮಾತೇ ಆಡುವುದಿಲ್ಲ, ಪುಣ್ಯಾತ್ಗಿತ್ತಿ, ಎಂದು ಗೆಳೆಯರ ಮುಂದೆ ಜಂಬ ಕೊಚ್ಚಿಕೊಂಡದ್ದೂ ಉಂಟು.

ಹೀಗಿರುವಾಗ ಮನೆ ಖಾಲಿ ಮಾಡುತ್ತಿದ್ದ ಗಿರಾಕಿಯೊಬ್ಬರು ಆ ಗಾಜಿನ ತೊಟ್ಟಿಯನ್ನು ನಮ್ಮ ತಲೆಗೆ ಕಟ್ಟಿ ಹೋದರು. ದೊಡ್ಡದೇನಲ್ಲ, ಪ್ರಯಾಣದ ಸೂಟ್‌ಕೇಸಿನಷ್ಟು. ನಾನು ಅದರಲ್ಲಿ ಹ್ಯಾಂಗರುಗಳನ್ನು ತುಂಬಿಡೋಣ ಎಂದಿದ್ದೆ. ಅವಳು ಅದನ್ನು ಒರೆಸಿ, ಮಹಡಿಗೆ ಹೊತ್ತುಕೊಂಡು ಹೋಗಿ, ಮಗಳು ಓದುತ್ತಿದ್ದ ಮೇಜಿನ ಮೇಲಿಟ್ಟಳು. ಮರುದಿನ ಅಂಚೆ ಕಚೇರಿಯ ಹಿಂದಿನ ಬೀದಿಯಲ್ಲಿರುವ ಅಕ್ವೇರಿಯಂ ಅಂಗಡಿಗೆ ಹೋದಳು. ಅಲ್ಲಿದ್ದಾನೆ ಅವನು, ಮೀನಿನವನು. ಅವನು ಮಾರುವುದು ಸಾಕುವ ಮೀನು, ತಿನ್ನುವ ಮೀನಲ್ಲ ಎಂದು ನನಗೆ ಗೊತ್ತಿಲ್ಲವೆಂದಲ್ಲ. ಆದರೂ ನಾನು ಮೀನಿನವನು ಎಂದೇ ಕರೆಯುತ್ತೇನೆ. ಅಷ್ಟಾದರೂ ಸೇಡು ಬೇಡವೇ?

ಅವಳು ಕರೆಯುವುದು 'ಅವರು' ಎಂದು. ಇದೇ ನನಗೆ ಎಲ್ಲಕ್ಕಿಂತ ಚುಚ್ಚಿದ್ದು. ಅವಳ ಬಾಯಲ್ಲಿ ಇಷ್ಟು ವರ್ಷ 'ಅವರು' ಎಂದರೆ ನಾನೊಬ್ಬನೇ. 'ಅವರು ಕೌಂಟರ್‌ನಲ್ಲಿದಾರೆ', 'ಅವರನ್ನ ಕೇಳಿ', 'ಅವರಿಗೆ ಹೇಳ್ತೀನಿ'. ಒಂದು ದಿನ ನನ್ನ ಅಕ್ಕ ಫೋನ್ ಮಾಡಿ ಮೀನು ತಂದಾಯಿತೇ ಎಂದು ಕೇಳಿದಳು. ಇವಳು, "ಇಲ್ಲ ಅತ್ತಿಗೆ, ಇನ್ನೂ ಬೇಡ ಅಂತ ಅವರು ಹೇಳಿದಾರೆ" ಎಂದಳು. ಅಕ್ಕ ನನ್ನನ್ನು ಫೋನಿಗೆ ಕರೆಸಿ, "ಪಾಪ, ಒಂದು ಮೀನು ಸಾಕ್ಕೊಳ್ಳೋಕೂ ಬಿಡಲ್ವೇನೋ ಅವಳನ್ನ, ಪಿಶಾಚಿ?" ಎಂದು ಉಗಿದಳು. ಬೈಸಿಕೊಳ್ಳುವುದಕ್ಕೆ ನಾನು, 'ಅವರು' ಆಗುವುದಕ್ಕೆ ಅವನು!

ವಾರಕ್ಕೊಮ್ಮೆ ಅವಳು ತೊಟ್ಟಿಯ ನೀರನ್ನು ಒಂದು ಚಿಕ್ಕ ಬಾಟಲಿಯಲ್ಲಿ ತುಂಬಿಕೊಂಡು ಹೋಗುತ್ತಾಳೆ. ಮೀನಿನವನು ಅದಕ್ಕೆ ಯಾವುದೋ ಔಷಧಿಯ ಹನಿಗಳನ್ನು ಹಾಕಿ ಅಲ್ಲಾಡಿಸುತ್ತಾನೆ. ನೀರು ಹಳದಿಯಾದರೆ ಹದ, ಹಸಿರಾದರೆ ಇನ್ನೂ ಇಲ್ಲ. ಇವಳು ಮರಳಿ ಬಂದು "ಹಸಿರೇ" ಎನ್ನುತ್ತಾಳೆ. ಹಸಿರೋ ಹಳದಿಯೋ ನೋಡಲು ಎಷ್ಟು ಹೊತ್ತು ಬೇಕು? ಅವಳು ಬರುವಷ್ಟರಲ್ಲಿ ನಾನು ಒಂದು ಹೊರೆ ಬೆಡ್‌ಶೀಟು ಒಗೆದು ಮಡಚಿಯೂ ಆಗಿರುತ್ತಿತ್ತು.

ಉಳಿದ ಹೊತ್ತೆಲ್ಲ ಅಲ್ಲಿ ಆಗುತ್ತಿದ್ದದ್ದು ಮೀನಿನ ಮಾತು. ನಮ್ಮ ತೊಟ್ಟಿಗೆ ಯಾವ ಮೀನು ಹೊಂದುತ್ತದೆ ಎಂಬ ಮಾತು. ಅದು ಊಟದ ಹೊತ್ತಿಗೆ ನನ್ನ ತಟ್ಟೆಯ ಮುಂದೆ ಬಂದು ಬೀಳುತ್ತಿತ್ತು. ಮೊದಲು ಅವಳಿಗೆ ಗೋಲ್ಡ್‌ಫಿಶ್ ಬೇಕಿತ್ತು. ಆಗುವುದಿಲ್ಲವಂತೆ, ಅದು ಅಂಗೈ ಮೀರಿ ಬೆಳೆಯುತ್ತದಂತೆ, ತಿನ್ನುವುದಕ್ಕಿಂತ ಹೊಲಸು ಮಾಡುವುದೇ ಹೆಚ್ಚಂತೆ. ಆಮೇಲೆ ಬಾವುಟದಂಥ ರೆಕ್ಕೆಯ ಏಂಜೆಲ್ ಎಂದಳು. ಅದಕ್ಕೆ ಎತ್ತರದ ತೊಟ್ಟಿ ಬೇಕಂತೆ. ಗಪ್ಪಿ ತಂದರೆ ನೋಡನೋಡುತ್ತಿದ್ದಂತೆ ಮರಿಗಳು ತುಂಬಿಕೊಳ್ಳುತ್ತವಂತೆ. ಮಿನುಗುವ ನೀಲಿ ಗೆರೆಯ ನಿಯಾನ್ ಟೆಟ್ರಾ ಒಂದನ್ನೇ ತಂದರೆ ಹೆದರಿಯೇ ಸಾಯುತ್ತದಂತೆ, ಗುಂಪು ಬೇಕಂತೆ.

"ಒಂಟಿಯಾಗಿ ತೆಪ್ಪಗಿರೋ ಮೀನು ಒಂದೂ ಇಲ್ವಾ ಆ ಅಂಗಡೀಲಿ?" ಎಂದೆ ನಾನು, ತಡೆಯಲಾರದೆ.

"ಫೈಟರ್ ಇದೆ. ಆದ್ರೆ ತೆಪ್ಪಗಿರಲ್ಲ. ತನ್ನಂಥ ಇನ್ನೊಂದು ಗಂಡು ಕಂಡ್ರೆ ಆಗಲ್ವಂತೆ ಅದಕ್ಕೆ. ಗಾಜಲ್ಲಿ ತನ್ನ ಮುಖಾನೇ ಕಂಡ್ರೂ ಕಿವಿರು ಅಗಲ ಮಾಡ್ಕೊಂಡು ಜಗಳಕ್ಕೆ ಹೋಗತ್ತಂತೆ." ಹೇಳುತ್ತ ಹೇಳುತ್ತ ಅವಳು ಕಿಸಕ್ಕನೆ ನಕ್ಕಳು.

ಅದರಲ್ಲಿ ನಗುವಂಥದ್ದು ಏನಿದೆಯೆಂದು ನನಗೆ ಅರ್ಥವಾಗಲಿಲ್ಲ. ಊಟ ಅರ್ಧಕ್ಕೆ ಬಿಟ್ಟು ಎದ್ದೆ.

ಇನ್ನೊಂದು ಸಂಗತಿ. ಲಾಂಡ್ರಿಯವರು ತಮ್ಮ ಬಟ್ಟೆಗೆ ಇಸ್ತ್ರಿ ಹಾಕಿಕೊಳ್ಳುವುದಿಲ್ಲ. ಇದು ಜಗತ್ತಿಗೇ ಗೊತ್ತು, ದಿನವಿಡೀ ಊರವರ ಬಟ್ಟೆಗೆ ಹಾಕಿ ಕೈ ಸೋತಿರುತ್ತದೆ. ಆದರೆ ಬಾಟಲಿ ಹಿಡಿದು ಹೋಗುವ ದಿನ ಅವಳ ಬಟ್ಟೆಗೆ ಇಸ್ತ್ರಿಯಿರುತ್ತಿತ್ತು. ತೋಳಿನ ಗೆರೆ ಚೂರಿಯ ಹಾಗೆ ನೇರ. ನಾನು ಬಟ್ಟೆಯ ಮನುಷ್ಯ, ಬಟ್ಟೆ ನೋಡಿಯೇ ಯಾರು ಎಲ್ಲಿಗೆ ಹೋಗಿದ್ದರು, ಏನು ತಿಂದರು ಎಂದು ಹೇಳಬಲ್ಲೆ. ಒಂದು ದಿನ ಅವಳು ಬಂದಾಗ ಬಲತೋಳು ಮೊಣಕೈವರೆಗೆ ಒದ್ದೆಯಾಗಿ ಮುದುಡಿತ್ತು. ಅವಳು ಬಟ್ಟೆ ಬದಲಿಸಿ ಹೋದ ಮೇಲೆ ಆ ತೋಳನ್ನು ಮೂಗಿಗೆ ಹಿಡಿದೆ. ಪಾಚಿಯ ವಾಸನೆ. ಅವನ ತೊಟ್ಟಿಯಲ್ಲಿ ಕೈ ಹಾಕಿದ್ದಾಳೆ! ಕೇಳಿದರೆ, ಗಿಡ ನೆಡುವುದು ಹೇಗೆಂದು ತೋರಿಸಿಕೊಟ್ಟರು ಎಂದಳು. ಗಿಡ ನೆಡುವುದಕ್ಕೆ ಎರಡು ಕೈ ಸಾಕು, ನಾಲ್ಕು ಬೇಕಿಲ್ಲ ಎಂದು ಹೇಳಬೇಕೆಂದಿತು ನಾಲಿಗೆ. ಹಲ್ಲು ಕಚ್ಚಿ ಸುಮ್ಮನಾದೆ.

ಸುಮ್ಮನಾದೆ ಎಂದರೆ ಬಾಯಿ ಸುಮ್ಮನಾಯಿತು, ಕೈ ಸುಮ್ಮನಾಗಲಿಲ್ಲ. ನನ್ನ ಲೆಕ್ಕಾಚಾರ ಸರಳವಾಗಿತ್ತು. ನೀರು ಸರಿಯಾದರೆ ಮೀನು ಬರುತ್ತದೆ. ಮೀನು ಬಂದರೆ ಇವಳು ಅಲ್ಲಿಗೆ ಹೋಗುವುದು ನಿಲ್ಲುತ್ತದೆ. ಹಾಗಾದರೆ ನೀರನ್ನು ನಾನೇ ಸರಿ ಮಾಡುತ್ತೇನೆ. ಕೊಳೆ ತೆಗೆಯುವುದರಲ್ಲಿ ನನ್ನನ್ನು ಮೀರಿಸುವವನು ಇನ್ನೂ ಹುಟ್ಟಿಲ್ಲ. ಅವಳು ಬೆಳಿಗ್ಗೆ ಸ್ನಾನಕ್ಕೆ ಹೋದೊಡನೆ ನಾನು ಫಿಲ್ಟರ್ ಬಿಚ್ಚುತ್ತಿದ್ದೆ. ಅದರೊಳಗೊಂದು ಸ್ಪಂಜು, ಕಂದುಬಣ್ಣದ ಲೋಳೆ ಮೆತ್ತಿಕೊಂಡು, ನೋಡಿದರೆ ವಾಕರಿಕೆ ಬರುವಂತೆ. ಇದರ ಮೂಲಕ ಹಾದು ಬಂದ ನೀರು ಹದವಾಗುವುದಾದರೂ ಹೇಗೆ? ಸಿಂಕಿನಲ್ಲಿ ಬಿಸಿನೀರು ಬಿಟ್ಟು ಹಿಂಡಿ, ಮತ್ತೆ ಬಿಟ್ಟು ಮತ್ತೆ ಹಿಂಡಿ, ಅದರಿಂದ ತಿಳಿನೀರು ಇಳಿಯುವವರೆಗೂ ಬಿಡುತ್ತಿರಲಿಲ್ಲ. ಹೊಸದರ ಹಾಗೆ ಮಾಡಿ ಒಳಗಿಟ್ಟು, ಸಿಂಕ್ ಒರೆಸಿ, ಏನೂ ಆಗದವನಂತೆ ಪೇಪರ್ ಹಿಡಿದು ಕೂರುತ್ತಿದ್ದೆ.

ಆ ವಾರವೂ ಹಸಿರು.

ನಾನು ಇನ್ನಷ್ಟು ಹಟಕ್ಕೆ ಬಿದ್ದೆ. ಕಲ್ಲುಗಳನ್ನು ಉಜ್ಜಿದೆ. ಮರಳಿನ ಮೇಲೆ ಕೂತಿದ್ದ ಆಹಾರದ ಕೊಳೆಯನ್ನು ಕೊಳವೆ ಹಾಕಿ ಹೀರಿ ತೆಗೆದೆ. ಸ್ಪಂಜನ್ನಂತೂ ಒಂದು ದಿನವೂ ಬಿಡಲಿಲ್ಲ. ಮತ್ತೂ ಹಸಿರು, ಮೊದಲಿಗಿಂತ ಗಾಢ ಹಸಿರು. ಆಗ ನನ್ನ ತಲೆಗೆ ಹುಳ ಹೊಕ್ಕಿತು. ನಾನು ಇಷ್ಟು ತೊಳೆದ ನೀರು ಕೆಟ್ಟಿರಲು ಸಾಧ್ಯವೇ ಇಲ್ಲ. ಕೆಟ್ಟಿರುವುದು ಅವನ ಹನಿ. ಇವಳು ಬರುತ್ತಲೇ ಇರಲಿ ಎಂದು ಆ ಕಳ್ಳ ಬೇಕೆಂದೇ ಹಸಿರು ಬರಿಸುತ್ತಿದ್ದಾನೆ.

ಒಂದು ಸಲ ಗಿರಾಕಿಯ ಮನೆಗೆ ಸೂಟು ಮುಟ್ಟಿಸುವ ನೆಪದಲ್ಲಿ ಆ ಬೀದಿಗೆ ಹೋದೆ. ಅಂಗಡಿಯ ಗಾಜಿನಾಚೆ, ತೊಟ್ಟಿಗಳ ನೀಲಿ ಬೆಳಕಿನಲ್ಲಿ, ಒಂದು ಸ್ಟೂಲಿನ ಮೇಲೆ ಅವಳು ಕೂತಿದ್ದಳು. ಅವನು ಕೈಕಟ್ಟಿ ನಿಂತು ಕೇಳುತ್ತಿದ್ದ. ಅವಳು ಮಾತಾಡುತ್ತಿದ್ದಳು, ಎರಡೂ ಕೈ ಆಡಿಸಿಕೊಂಡು ಮಾತಾಡುತ್ತಿದ್ದಳು! ಅವಳ ಕೈಗೆ ಸೂಜಿಯ ಹೊರತು ಬೇರೆ ಕೆಲಸ ಗೊತ್ತಿದೆಯೆಂದೇ ನನಗೆ ತಿಳಿದಿರಲಿಲ್ಲ. ಯಾವುದೋ ಮೀನಿನ ಬಾಲ ಹೇಗೆ ಆಡುತ್ತದೆಂದು ತೋರಿಸುತ್ತಿದ್ದಳೋ ಏನೋ, ಬೆರಳುಗಳು ನೀರಿನಲ್ಲಿರುವಂತೆ ಓಲಾಡುತ್ತಿದ್ದವು. ನಾನು ಸೂಟನ್ನು ಎದೆಗೆ ಒತ್ತಿ ಹಿಡಿದು ಬಂದ ದಾರಿಯಲ್ಲೇ ತಿರುಗಿದೆ. ಅದನ್ನು ಮತ್ತೆ ಇಸ್ತ್ರಿ ಮಾಡಬೇಕಾಯಿತು.

ಮುಂದಿನ ವಾರ ಅವಳು ಬಾಟಲಿ ತುಂಬಿಸಿಟ್ಟದ್ದೇ ತಡ, "ನಾನು ಆ ಕಡೆ ಹೋಗೋನಿದೀನಿ, ಕೊಡು," ಎಂದೆ. ಅವಳು ಒಂದು ಕ್ಷಣ ಬಾಟಲಿಯನ್ನು ಬಿಡಲಿಲ್ಲ. ಆಮೇಲೆ ಕೊಟ್ಟಳು. ಹಾಕಿಕೊಂಡಿದ್ದ ಇಸ್ತ್ರಿಯ ಬಟ್ಟೆಯಲ್ಲೇ ಹಿಂದಿನ ಕೋಣೆಗೆ ಹೋಗಿ ಕೂತಳು.

ಮೀನಿನವನಿಗೆ ನನ್ನಷ್ಟೇ ವಯಸ್ಸು, ಆದರೆ ತಲೆತುಂಬ ಕೂದಲು. ಅದನ್ನೂ ನನಗೆ ಸಹಿಸಲಾಗಲಿಲ್ಲ. ಕಾಲರಿಗೆ ಇಸ್ತ್ರಿಯಿಲ್ಲ, ತೋಳು ಮಡಚಿ ಮೇಲೇರಿಸಿದ್ದ. ನನ್ನ ಕೈಯಲ್ಲಿದ್ದ ಬಾಟಲಿ ನೋಡಿಯೇ ಗುರುತು ಹಿಡಿದ.

"ಓ, ನೀವಾ! ಬನ್ನಿ ಬನ್ನಿ. ಮೇಡಂ ಹುಷಾರಾಗಿದಾರೆ ತಾನೆ?"

"ಹುಷಾರಾಗಿದಾಳೆ. ನೀರು ನೋಡಿ."

ನೋಡಿದ. ನನ್ನ ಕಣ್ಣೆದುರಿಗೇ ಹನಿ ಹಾಕಿ ಅಲ್ಲಾಡಿಸಿದ. ಹಸಿರು. ನನ್ನ ಸಿಟ್ಟು ನೆತ್ತಿಗೇರಿತು.

"ಎಷ್ಟು ದಿನ ಈ ನಾಟಕ ಸ್ವಾಮಿ? ದಿನಾ ನನ್ನ ಕೈಯಾರೆ ತೊಳೀತೀನಿ. ಒಂದು ಚೂರು ಕೊಳೆ ಇಲ್ಲ. ಅದು ಹೇಗೆ ಹಸಿರು ಬರತ್ತೆ?"

ಅವನು ಬಾಟಲಿ ಕೆಳಗಿಟ್ಟ. "ತೊಳೀತೀರಾ? ಏನು ತೊಳೀತೀರಾ?"

"ಸ್ಪಂಜು. ಬಿಸಿನೀರಲ್ಲಿ."

ಮೀನಿನವನು ಹಣೆಗೆ ಕೈಹಚ್ಚಿಕೊಂಡು ಅಲ್ಲಿದ್ದ ಸ್ಟೂಲಿನ ಮೇಲೆ ಕೂತುಬಿಟ್ಟ. "ಅಯ್ಯೋ ದೇವರೇ! ಆ ಕೊಳೇನೇ ರೀ ಜೀವ! ವಿಷ ತಿನ್ನೋ ಜೀವಿಗಳೆಲ್ಲ ಇರೋದು ಆ ಸ್ಪಂಜಲ್ಲೇ. ನೀವು ದಿನಾ ಕೊಂದು ಹಾಕ್ತಿದೀರ, ಪಾಪ ಅವು ದಿನಾ ಮೊದಲಿಂದ ಶುರು ಮಾಡ್ತಿವೆ. ಹೀಗಾದ್ರೆ ನೀರು ಈ ಜನ್ಮದಲ್ಲಿ ಹದವಾಗಲ್ಲ. ಸ್ಪಂಜು ಮುಟ್ಟಲೇಬೇಡಿ ಅಂತ ಮೇಡಂಗೆ ಮೊದಲನೇ ದಿನಾನೇ ಹೇಳಿದ್ನಲ್ಲ!"

ಹೊರಗೆ ಬಂದಾಗ ನನ್ನ ಮುಖ ಪೆಚ್ಚಾಗಿತ್ತು, ಆದರೆ ಒಳಗೆ, ಸುಳ್ಳೇಕೆ ಹೇಳಲಿ, ಹಗುರವಾಗಿತ್ತು. ಮೋಸ ಮಾಡುತ್ತಿದ್ದವನು ಅವನಲ್ಲ. ಅವಳನ್ನು ವಾರವಾರವೂ ಆ ಅಂಗಡಿಗೆ ಕಳಿಸುತ್ತಿದ್ದದ್ದು ಸಾಕ್ಷಾತ್ ನಾನೇ. ಅವಳಿಗೇನು ಗೊತ್ತು ಪಾಪ, ನೀರು ಏಕೆ ಸರಿಯಾಗುತ್ತಿಲ್ಲವೆಂದು ಚಿಂತೆಯಿಂದಲೇ ಹೋಗುತ್ತಿದ್ದಳು. ಮೂರ್ಖನಾಗುವುದರಲ್ಲೂ ಎಷ್ಟು ಸುಖವಿದೆಯೆಂದು ಆವತ್ತು ತಿಳಿಯಿತು. ಆ ಸುಖ ಅಂಚೆ ಕಚೇರಿಯ ತಿರುವಿನವರೆಗೆ ಬಾಳಿತು.

ಮೊದಲನೇ ದಿನಾನೇ ಹೇಳಿದ್ದೆ ಎಂದನಲ್ಲ. ರಾಶಿ ಬಟ್ಟೆಯ ನಡುವೆ ಒಂದು ಅಂಗಿಯ ಒಂದು ಗುಂಡಿಯ ದಾರ ಬೇರೆ ಬಣ್ಣದ್ದಾಗಿದ್ದರೆ ದೂರದಿಂದಲೇ ಗುರುತಿಸುವ ಹೆಂಗಸು ಅವಳು. ಕಂದಾಗಬೇಕಿದ್ದ ಸ್ಪಂಜು ದಿನಾ ಹೊಸದರಂತಿರುವುದು ಅವಳ ಕಣ್ಣಿಗೆ ಬೀಳಲಿಲ್ಲವೇ?

ಹಿಂದಿನ ಕೋಣೆಯಲ್ಲಿ ಅವಳು ಯಾರದೋ ಕೋಟಿಗೆ ಗುಂಡಿ ಹಚ್ಚುತ್ತಿದ್ದಳು. ನಾನು ಇಸ್ತ್ರಿ ಮೇಜಿಗೆ ಒರಗಿ ನಿಂತೆ.

"ಸ್ಪಂಜು ತೊಳೀತಿದ್ದಿದ್ದು ನಾನು," ಎಂದೆ.

ಅವಳು ದಾರವನ್ನು ಹಲ್ಲಿನಿಂದ ಕಡಿದಳು. "ಗೊತ್ತು," ಎಂದಳು.

"ಯಾವಾಗಿಂದ?"

"ಮೊದಲಿಂದ್ಲೂ. ನಾನು ಸ್ನಾನ ಮಾಡಿ ಬರೋಷ್ಟರಲ್ಲಿ ಸಿಂಕ್ ಒರೆಸಿರೋದು. ನೀವು ಹುಟ್ಟಿದಾಗಿಂದ ಯಾವತ್ತಾದ್ರೂ ಸಿಂಕ್ ಒರೆಸಿದೀರಾ?"

"ತೊಳೀಬಾರದು ಅಂತಾನೂ ಗೊತ್ತಿತ್ತು."

"ಗೊತ್ತಿತ್ತು."

"ಮತ್ತೆ ಯಾಕೆ ಹೇಳ್ಲಿಲ್ಲ?"

ಅವಳು ಕೋಟನ್ನು ಮಡಿಲಿನಿಂದ ತೆಗೆದು ಮೇಜಿನ ಮೇಲಿಟ್ಟಳು. "ಹೇಳಿದ್ರೆ ನಿಲ್ಲಿಸಿಬಿಡ್ತಿದ್ರಿ. ನೀರು ಹದವಾಗಿಬಿಡ್ತಿತ್ತು. ಮೀನು ತರಬೇಕಾಗ್ತಿತ್ತು. ಆಮೇಲೆ ವಾರಾವಾರಾ ಅಲ್ಲಿಗೆ ಹೋಗೋದಕ್ಕೆ ನನಗೆ ಏನು ನೆಪ ಇರ್ತಿತ್ತು?"

ಇಷ್ಟು ದಿನ ಉರಿದುಕೊಂಡಿದ್ದೆ, ನಿಜ. ಆದರೆ ಉರಿಯುವವನಿಗೆ ಒಳಗೊಳಗೇ ಒಂದು ಧೈರ್ಯವಿರುತ್ತದೆ, ಇದೆಲ್ಲ ನನ್ನ ಭ್ರಮೆ, ಒಂದು ದಿನ ಅವಳೇ ನಕ್ಕು ತಳ್ಳಿಹಾಕುತ್ತಾಳೆ ಎಂದು. ಅವಳು ನಗಲಿಲ್ಲ.

"ಅವನು ಅಂದ್ರೆ ಅಷ್ಟು ಇಷ್ಟಾನಾ ನಿನಗೆ?" ನನ್ನ ದನಿ ನನಗೇ ಬೇರೆಯವರದರಂತೆ ಕೇಳಿಸಿತು.

ಅವಳು ಸಿಟ್ಟಾಗಲಿಲ್ಲ. ಯೋಚಿಸಿದಳು, ಅದೇ ನನಗೆ ಇನ್ನಷ್ಟು ಕಷ್ಟವಾಯಿತು. "ಅವರು ಅಂತ ಅಲ್ಲ ರೀ. ಹೋದ ತಕ್ಷಣ ಕೇಳ್ತಾರೆ, ಈ ವಾರ ಯಾವ ಮೀನು ಅನ್ಕೊಂಡಿದೀರಾ ಅಂತ. ಕೇಳಿ ಸುಮ್ನಿರ್ತಾರೆ. ನಾನು ಯೋಚ್ನೆ ಮಾಡಿ ಹೇಳೋವರೆಗೂ ಸುಮ್ನಿರ್ತಾರೆ. ನಾನು ಹೇಳಿದ್ದು ಆಗಲ್ಲ ಅಂದ್ರೆ ಯಾಕೆ ಆಗಲ್ಲ ಅಂತ ಹೇಳ್ತಾರೆ. ಆಮೇಲೆ ವಾರ ಎಲ್ಲಾ ಇಲ್ಲಿ ಕೂತ್ಕೊಂಡು, ಮುಂದಿನ ಸಲ ಏನು ಹೇಳ್ಲಿ ಅಂತ ಯೋಚ್ನೆ ಮಾಡ್ತಿರ್ತೀನಿ. ಏನು ಬೇಕು ನಿನಗೆ ಅಂತ ನನ್ನನ್ನ ಯಾರೂ ಇಷ್ಟು ಸಲ ಕೇಳಿರ್ಲಿಲ್ಲ."

ನಾನು ಕೇಳಲ್ವಾ ಎನ್ನಲು ಬಾಯಿ ತೆರೆದೆ. ನನ್ನ ಪ್ರಶ್ನೆಗಳೆಲ್ಲ ನೆನಪಾದವು. 'ಆಯ್ತಾ?' 'ಇನ್ನೂ ಎಷ್ಟೊತ್ತು?' 'ಕತ್ತರಿ ಎಲ್ಲಿಟ್ಟೆ?' ಬಾಯಿ ಮುಚ್ಚಿದೆ.

ಮುಂದುಗಡೆ ಯಾರೋ ಗಿರಾಕಿ ಕೌಂಟರಿನ ಗಂಟೆ ಬಾರಿಸಿದರು. ನಾನು ಕದಲಲಿಲ್ಲ. ಮತ್ತೊಮ್ಮೆ ಬಾರಿಸಿದರು.

"ಯಾವ ಮೀನು ಬೇಕು ನಿನಗೆ?" ಎಂದೆ.

ಅವಳು ನನ್ನ ಮುಖ ನೋಡಿದಳು, ಇದು ಕೊಂಕೋ ನಿಜವೋ ಎಂದು. ನಾನು ಸುಮ್ಮನಿದ್ದೆ. ಸುಮ್ಮನಿರುವುದು ಎಷ್ಟು ಕಷ್ಟವೆಂದು ನಿಮಗೆ ಹೇಗೆ ಹೇಳಲಿ? 'ಯಾವುದಾದರೊಂದು ತಂದು ಮುಗಿಸು' ಎಂಬ ಮಾತು ನಾಲಿಗೆಯ ತುದಿಗೆ ಬಂದು ಕುಣಿಯುತ್ತಿತ್ತು. ಗಿರಾಕಿ ಗೊಣಗುತ್ತ ಹೊರಟುಹೋದದ್ದು ಕೇಳಿಸಿತು.

"ನಗಬಾರದು," ಎಂದಳು ಕೊನೆಗೆ.

"ನಗಲ್ಲ."

"ಅಲ್ಲಿ ಮೂಲೆ ತೊಟ್ಟೀಲಿ ಒಂಥರಾ ಮೀನಿದೆ. ಬೆರಳುದ್ದ, ಎರೆಹುಳದ ಹಾಗೆ ತೆಳ್ಳಗೆ, ಮೈಮೇಲೆ ಕಂದು ಪಟ್ಟೆ. ಹಗಲೆಲ್ಲ ಕಲ್ಲಿನ ಅಡಿಗೇ ಇರತ್ತೆ. ಯಾರೂ ಕೊಳ್ಳಲ್ವಂತೆ, ಖಾಲಿ ತೊಟ್ಟಿ ನೋಡ್ಕೊಂಡು ಯಾರು ಕೂರ್ತಾರೆ ಅಂತ. ತುಂಬ ಹೊತ್ತು ಅಲುಗಾಡದೆ ಎದುರಿಗೆ ಕೂತ್ರೆ ಮಾತ್ರ ತಲೆ ಹೊರಗೆ ಹಾಕತ್ತೆ. ಒಂದು ಸಲ ಹಾಕ್ತು, ನಾನು ನೋಡ್ದೆ. ಅದೂ ನನ್ನ ನೋಡ್ತು." ಅವಳ ಕೈಗಳು ಮೇಲೆದ್ದಿದ್ದವು. ಬೆರಳುಗಳು ಕಲ್ಲಿನ ಅಡಿಯಿಂದ ಮೆಲ್ಲಗೆ ಇಣುಕಿ ಮತ್ತೆ ಒಳಗೆ ಸೇರಿಕೊಂಡವು. "ಒಂದನ್ನೇ ತರಬಾರದು, ನಾಲ್ಕೈದು ಬೇಕು. ಸಣ್ಣ ಮೈ, ಜಗಳಗಂಟಿ ಅಲ್ಲ. ನಮ್ಮ ತೊಟ್ಟಿಗೆ ಹೊಂದತ್ತೆ."

ಕಾಣದ ಮೀನಿಗೋಸ್ಕರ ಇಷ್ಟೆಲ್ಲ ರಂಪವೇ ಎನಿಸಿತು. ಅದನ್ನು ಹೇಳಲಿಲ್ಲ. ಆದರೆ ಬೇರೊಂದು ಮಾತು, ಕೇಳಬಾರದ ಮಾತು, ತಡೆಯುವಷ್ಟರಲ್ಲಿ ಹೊರಬಿದ್ದುಬಿಟ್ಟಿತು.

"ಇದನ್ನ ಅವನಿಗೆ ಹೇಳಿದ್ಯಾ?"

"ಇಲ್ಲ," ಎಂದಳು. "ಗೋಲ್ಡ್‌ಫಿಶ್ ಹೇಳ್ದೆ, ಗಪ್ಪಿ ಹೇಳ್ದೆ, ಬಾಯಿಗೆ ಬಂದಿದ್ದೆಲ್ಲ ಹೇಳ್ದೆ. ಇದನ್ನ ಹೇಳಿದ್ರೆ ಕೇಳೋದೇ ಮುಗಿದುಹೋಗತ್ತಲ್ಲ."

ನನಗಾದ ಸಂತೋಷವನ್ನು ಅವಳಿಂದ ಮುಚ್ಚಿಡಲು ನಾನು ಗುಂಡಿಗಳ ಡಬ್ಬಿಯನ್ನು ಕಾರಣವಿಲ್ಲದೆ ಅಲ್ಲಾಡಿಸಿದೆ. ಹಾಗಾದರೆ ಅವನಿಗೆ ಗೊತ್ತಿಲ್ಲ! ಇಷ್ಟು ವಾರ ಕೇಳಿದರೂ ಅವನಿಗೆ ಸಿಕ್ಕಿಲ್ಲ. ಆ ಖುಷಿಯಲ್ಲಿ ಉದಾರವಾಗಿ, "ಮುಂದಿನ ವಾರ ನಾನೂ ಬರ್ತೀನಿ, ಇಬ್ರೂ ಹೋಗೋಣ," ಎಂದೆ.

"ಬೇಡ," ಎಂದಳು ಅವಳು. ಕೋಟನ್ನು ಮತ್ತೆ ಮಡಿಲಿಗೆ ಎಳೆದುಕೊಂಡಳು. "ಅಲ್ಲಿಗೆ ನಾನೊಬ್ಳೇ ಹೋಗ್ತೀನಿ."

ಅಲ್ಲಿಂದೀಚೆಗೆ ನಾನು ಸ್ಪಂಜನ್ನು ಮುಟ್ಟಿಲ್ಲ. ಅದು ದಿನದಿನಕ್ಕೆ ಕಂದಾಗುವುದನ್ನು ನೋಡುತ್ತ ಪೇಪರ್ ಓದುವುದು ನನ್ನಂಥವನಿಗೆ ಶಿಕ್ಷೆಯೇ ಸರಿ. ದಿನಕ್ಕೊಂದು ಸಲ ಅವಳನ್ನು ಏನಾದರೂ ಕೇಳುತ್ತೇನೆ, ಕತ್ತರಿಯ ವಿಷಯವಲ್ಲದ್ದು. ಕೆಲವು ಸಲ ಉತ್ತರ ಬರುತ್ತದೆ, ಕೆಲವು ಸಲ 'ಇದೇನು ಹೊಸದು' ಎಂಬ ನೋಟ ಬರುತ್ತದೆ. ಬಾಟಲಿಯ ದಿನ ಅವಳು ಇಸ್ತ್ರಿ ಹಾಕಿಕೊಂಡೇ ಹೋಗುತ್ತಾಳೆ, ನಾನು ಕೌಂಟರಿನಲ್ಲಿ ನಿಂತು ಗಿರಾಕಿಗಳ ಮೇಲೆ ರೇಗುತ್ತೇನೆ.

ಮೊನ್ನೆ ಬಂದವಳೇ ಬಾಟಲಿಯನ್ನು ಕೌಂಟರಿನ ಮೇಲಿಟ್ಟಳು. "ಹಳದಿ ಬಂತು," ಎಂದಳು. "ಅಪ್ಪಟ ಹಳದಿ. ಇನ್ನು ಯಾವ ಮೀನು ಬೇಕಾದ್ರೂ ತಗೊಂಡು ಹೋಗಿ ಅಂದ್ರು. ಯಾವುದು ಬೇಕು ಅಂತ ಕೇಳಿದ್ರು."

ಬರೆಯುತ್ತಿದ್ದ ಬಿಲ್ಲನ್ನು ಅರ್ಧಕ್ಕೆ ನಿಲ್ಲಿಸಿದೆ. "ನೀನೇನಂದೆ?"

"ಇನ್ನೂ ಯೋಚ್ನೆ ಮಾಡ್ತಿದೀನಿ ಅಂದೆ," ಎಂದು ಅವಳು ಹಿಂದಿನ ಕೋಣೆಗೆ ನಡೆದಳು.

ಅವನಿಗೆ ಸುಳ್ಳು ಹೇಳಿ ಬಂದಳೆಂದು ಹಿಗ್ಗಬೇಕೋ, ಮುಂದಿನ ವಾರವೂ ಹೋಗುತ್ತಾಳೆಂದು ಉರಿದುಕೊಳ್ಳಬೇಕೋ ತಿಳಿಯದೆ, ಆ ದಿನವೆಲ್ಲ ನಾನು ಎರಡನ್ನೂ ಮಾಡಿದೆ.